ನ್ಯಾಯಾಲಯದ ಬಾಗಿಲು ತಟ್ಟಿದ ಕ್ಯಾಮೆರಾ

ನ್ಯೂಯಾರ್ಕಿನ ಡೈಲಿ ನ್ಯೂಸ್‌ ಪತ್ರಿಕೆಯಲ್ಲಿ ಛಾಯಾಗ್ರಾಹಕರಾಗಿ ದುಡಿದ ಜೋಸೆಫ್ ಕೋಸ್ಟಾ ನನಗೆ ದೊಡ್ಡವರಾಗಿ ಕಾಣುವುದು ಅವರು ತೆಗೆದ ಚಿತ್ರಗಳಿಗಿಂತ ಹೆಚ್ಚಾಗಿ, ನ್ಯಾಯಾಲಯದೊಳಗೆ ಕ್ಯಾಮೆರಾ ಒಯ್ಯಲು ತಮ್ಮ ಕಸುಬಿನವರಿಗಾಗಿ ಕೇಳಿದ ಹಕ್ಕಿನಿಂದ. 1935ರಲ್ಲಿ ವಿಮಾನ ಚಾಲಕ ಲಿಂಡ್‌ಬರ್ಗ್ ಅವರ ಮಗುವಿನ ಕೊಲೆ ವಿಚಾರಣೆ ಕ್ಯಾಮೆರಾಗಳ ಗದ್ದಲದಿಂದ ಸಂತೆಯಂತಾಗಿತ್ತು. ಆ ಕಹಿಯಿಂದಲೇ 1937ರಲ್ಲಿ ಅಮೆರಿಕದ ವಕೀಲರ ಸಂಘ ನ್ಯಾಯಾಲಯದೊಳಗೆ ಕ್ಯಾಮೆರಾ ಕೂಡದೆಂಬ 35ನೇ ನಿಯಮ ತಂದಿತು. ಪೆನ್ನು ಹಿಡಿದ ವರದಿಗಾರ ಒಳಗೆ, ಕ್ಯಾಮೆರಾ ಹಿಡಿದವನು ಹೊರಗೆ! 1946ರಲ್ಲಿ ರಾಷ್ಟ್ರೀಯ ಪತ್ರಿಕಾ ಛಾಯಾಗ್ರಾಹಕರ ಸಂಘದ ಮೊದಲ ಅಧ್ಯಕ್ಷರಾದ ಕೋಸ್ಟಾ ಈ ಭೇದವನ್ನು ಒಪ್ಪಲಿಲ್ಲ. ಇಬ್ಬರೂ ಓದುಗನ ಪರವಾಗಿಯೇ ಅಲ್ಲಿಗೆ ಬಂದವರು. ಒಬ್ಬನ ಸಾಧನವನ್ನು ಮಾತ್ರ ಅಪಚಾರವೆನ್ನುವುದು ಹೇಗೆ?

ಎದುರು ವಾದವೂ ಹಗುರವಲ್ಲ. ಫ್ಲ್ಯಾಶ್ ಬೆಳಕಿಗೆ ಸಾಕ್ಷಿ ಬೆದರಬಹುದು, ಕ್ಯಾಮೆರಾ ಕಂಡ ವಕೀಲ ನಟನಾಗಬಹುದು. 1965ರಲ್ಲಿ ಎಸ್ಟೆಸ್ ಎಂಬಾತನ ಪ್ರಕರಣದ ಶಿಕ್ಷೆಯನ್ನು ಅಮೆರಿಕದ ಸುಪ್ರೀಂ ಕೋರ್ಟ್ ರದ್ದುಮಾಡಿದ್ದೂ ವಿಚಾರಣೆಯ ಟೆಲಿವಿಷನ್ ಪ್ರಸಾರದ ಕಾರಣದಿಂದಲೇ. ಆದರೆ ಫ್ಲ್ಯಾಶ್ ಇಲ್ಲದೆಯೇ ಚಿತ್ರ ತೆಗೆಯುವ ಸಣ್ಣ ಕ್ಯಾಮೆರಾಗಳು ಅಷ್ಟರಲ್ಲಿ ಬಂದಿದ್ದವು. ಕೊಲೊರಾಡೊ ರಾಜ್ಯ 1956ರಲ್ಲೇ ನ್ಯಾಯಾಧೀಶರ ವಿವೇಚನೆಗೆ ಒಳಪಟ್ಟು ಕ್ಯಾಮೆರಾಗೆ ಅವಕಾಶ ಕೊಟ್ಟಿತ್ತು. ಗದ್ದಲಕ್ಕೆ ಮದ್ದು ಶಿಸ್ತೇ ಹೊರತು ನಿಷೇಧವಲ್ಲ. ಗದ್ದಲ ಮಾಡುವ ವರದಿಗಾರನನ್ನು ಹೊರಹಾಕುತ್ತೇವೆ, ಪೆನ್ನುಗಳನ್ನೆಲ್ಲ ನಿಷೇಧಿಸುವುದಿಲ್ಲ. ಛಾಯಾಗ್ರಾಹಕರು ಸಂಘ ಕಟ್ಟಿದ್ದರ ಬೆಲೆ ತಿಳಿಯುವುದೂ ಇಲ್ಲಿಯೇ. ದಶಕಗಳುದ್ದಕ್ಕೂ ಒಂದೇ ಬೇಡಿಕೆಯನ್ನು ಎತ್ತಿ ಹಿಡಿಯುವುದು ಒಂಟಿ ಛಾಯಾಗ್ರಾಹಕನಿಂದ ಆಗುವ ಕೆಲಸವಲ್ಲ. 1981ರಲ್ಲಿ ಚಾಂಡ್ಲರ್ ಎಂಬಾತನ ಪ್ರಕರಣದಲ್ಲಿ ಅದೇ ಸುಪ್ರೀಂ ಕೋರ್ಟಿನ ತೀರ್ಪು, ರಾಜ್ಯಗಳು ಬಯಸಿದರೆ ವಿಚಾರಣೆಗೆ ಕ್ಯಾಮೆರಾ ಬಿಡಬಹುದೆಂದಿತು. ಅದನ್ನು ಕಾಣುವಷ್ಟು ಕಾಲ ಕೋಸ್ಟಾ ಬದುಕಿದ್ದರು, ತೀರಿಕೊಂಡದ್ದು 1988ರಲ್ಲಿ. ಫೆಡರಲ್ ಕ್ರಿಮಿನಲ್ ವಿಚಾರಣೆಗಳಲ್ಲಿ ಮಾತ್ರ ಕ್ಯಾಮೆರಾ ನಿಷೇಧ ಇನ್ನೂ ತೆರವಾಗಿಲ್ಲ.