ಜಾಫರನ ಮುಖ ಯಾರದು?

ಬಗ್ದಾದಿನ ವಜೀರ ಜಾಫರ್ ಎಂದೊಡನೆ ನಮ್ಮ ಮಕ್ಕಳ ಕಣ್ಣಮುಂದೆ ಬರುವುದು ಡಿಸ್ನಿಯವರ 'ಅಲ್ಲಾದೀನ್' (1992) ಕಾರ್ಟೂನ್ ಚಿತ್ರದ ಆಕೃತಿ. ಸಪೂರ ನೀಳ ದೇಹ, ಎತ್ತರದ ಮುಂಡಾಸು, ತಿರುಚಿದ ಗಡ್ಡ, ಎದುರಿಗಿದ್ದವರ ಬುದ್ಧಿಯನ್ನೇ ಮಂಕಾಗಿಸುವ ನೋಟ. ಆದರೆ ಈ ಆಕೃತಿ ಡಿಸ್ನಿ ಕಲಾವಿದರ ಕಲ್ಪನೆಯಿಂದಷ್ಟೇ ಹುಟ್ಟಿದ್ದಲ್ಲ. ಅದರ ಹಿಂದೆ 1940ರ 'ದಿ ಥೀಫ್ ಆಫ್ ಬಗ್ದಾದ್' ಎಂಬ ಚಿತ್ರವಿದೆ. ಅದರಲ್ಲಿ ಜಾಫರನಾಗಿ ನಟಿಸಿದವರು ಜರ್ಮನಿಯ ಕಾನ್ರಾಡ್ ಫೈಟ್.

ಈ ನಟನ ಬದುಕನ್ನು ಬಲ್ಲವರಿಗೆ ಇದು ಕಸಿವಿಸಿ ಹುಟ್ಟಿಸುವ ಸಂಗತಿ. ಒಂದು ಸಮುದಾಯಕ್ಕೆ ಹಣೆಪಟ್ಟಿ ಅಂಟಿಸುವ ಪ್ರಭುತ್ವವನ್ನು ಧಿಕ್ಕರಿಸಿ ತಾಯ್ನೆಲವನ್ನೇ ತೊರೆದವರು ಅವರು. ಅಂಥವರ ಮುಖವೇ ಇನ್ನೊಂದು ಸಮುದಾಯದ ಹಣೆಪಟ್ಟಿಯಾದದ್ದು ಹೇಗೆ?

1893ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದ ಫೈಟ್, ಪ್ರಸಿದ್ಧ ರಂಗನಿರ್ದೇಶಕ ಮ್ಯಾಕ್ಸ್ ರೈನ್‌ಹಾರ್ಟ್ ಅವರ ಗರಡಿಯಲ್ಲಿ ಪಳಗಿದವರು. ಮೊದಲ ಮಹಾಯುದ್ಧಕ್ಕೆ ಸೈನಿಕರಾಗಿ ಹೋಗಿ, ಕಾಯಿಲೆ ಬಿದ್ದು ಮರಳಿ, ಮತ್ತೆ ಬಣ್ಣ ಹಚ್ಚಿದರು. 'ದಿ ಕ್ಯಾಬಿನೆಟ್ ಆಫ್ ಡಾ. ಕ್ಯಾಲಿಗರಿ' (1920) ಅವರನ್ನು ಜಗತ್ತಿಗೆ ಪರಿಚಯಿಸಿತು. ಅದರಲ್ಲಿ ಅವರದು ಸೆಸಾರೆ ಎಂಬ ನಿದ್ರಾಚಾರಿಯ ಪಾತ್ರ. ಪೆಟ್ಟಿಗೆಯಲ್ಲಿ ಮಲಗಿರುವ ಸೆಸಾರೆ, ಡಾಕ್ಟರನ ಅಪ್ಪಣೆಯಾದಾಗ ಎದ್ದು ಹೋಗಿ ಕೊಲೆ ಮಾಡುತ್ತಾನೆ. ಕಪ್ಪು ಉಡುಗೆಯ ಆ ದೇಹ ಗೋಡೆಗೆ ಒರಗಿಕೊಂಡೇ ಜಾರುತ್ತ ಸಾಗುವಾಗ ಮನುಷ್ಯನೊಬ್ಬ ನೆರಳಾಗಿಬಿಟ್ಟಂತೆ ಕಾಣುತ್ತದೆ. ಮಾತಿಲ್ಲದ ಚಿತ್ರದಲ್ಲಿ ಇಡೀ ಮೈಯನ್ನೇ ಭಾಷೆಯಾಗಿಸಿದ ಈ ಕಸುಬು ರಂಗಭೂಮಿಯ ಕೊಡುಗೆ.

ಹಾಲಿವುಡ್‌ನಲ್ಲಿ ಮಾಡಿದ 'ದಿ ಮ್ಯಾನ್ ಹೂ ಲಾಫ್ಸ್' (1928) ಅದಕ್ಕಿಂತ ಕಠಿಣ ಪರೀಕ್ಷೆ. ರಾಜನ ಆಜ್ಞೆಯಿಂದ ಬಾಲ್ಯದಲ್ಲೇ ಬಾಯಿ ಸೀಳಿಸಿಕೊಂಡು, ಸದಾ ನಗುವಂತೆ ಕಾಣುವ ಗ್ವಿನ್‌ಪ್ಲೇನ್ ಅದರ ನಾಯಕ. ಬಾಯಿ ನಗುತ್ತಲೇ ಇರಬೇಕು, ದುಃಖ ಕಣ್ಣಿನಲ್ಲಿ ಮಾತ್ರ ಕಾಣಬೇಕು. ಫೈಟ್ ಇದನ್ನು ಸಾಧಿಸಿದರು. 'ಬ್ಯಾಟ್‌ಮನ್' ಕಥೆಗಳ ಖಳ ಜೋಕರ್ ರೂಪುಗೊಂಡದ್ದು ಇದೇ ಮುಖದಿಂದ. ವಿಪರ್ಯಾಸವೆಂದರೆ ಅಲ್ಲಿಯೂ ಸಂತ್ರಸ್ತನ ನಗು ಉಳಿಯಿತು, ಸಂಕಟ ಕಳೆದುಹೋಯಿತು.

1933ರಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಚಿತ್ರರಂಗದವರೆಲ್ಲ ತಮ್ಮ ಜನಾಂಗ ಯಾವುದೆಂದು ಬರೆದುಕೊಡಬೇಕಾಯಿತು. ಫೈಟ್ ಯಹೂದಿಯಲ್ಲ, ಪ್ರೊಟೆಸ್ಟೆಂಟ್ ಮನೆತನದವರು. ಆದರೆ ಆ ವರ್ಷ ಅವರು ಮದುವೆಯಾದ ಲಿಲಿ ಯಹೂದಿ. ಜನಾಂಗದ ಕಾಲಂನಲ್ಲಿ ಅವರು ಬರೆದದ್ದು 'ಯಹೂದಿ' ಎಂದು. ಭಾಷಣವಿಲ್ಲ, ಘೋಷಣೆಯಿಲ್ಲ, ಒಂದೇ ಪದ. ಆ ಪದ ಬರೆದವರಿಗೆ ಜರ್ಮನಿಯಲ್ಲಿ ಮುಂದೆ ಕೆಲಸವಿರಲಿಲ್ಲ. ಗಂಡಹೆಂಡಿರು ಇಂಗ್ಲೆಂಡ್ ಸೇರಿದರು.

ಇದರ ಬೆಲೆ ತಿಳಿಯಬೇಕಾದರೆ ಅವರ ಸಹನಟ ವೆರ್ನರ್ ಕ್ರೌಸ್ ಕಡೆ ನೋಡಬೇಕು. ಕ್ಯಾಲಿಗರಿಯ ಪಾತ್ರ ಮಾಡಿದ್ದ ಕ್ರೌಸ್ ಜರ್ಮನಿಯಲ್ಲೇ ಉಳಿದರು. ನಾಜಿಗಳು ದ್ವೇಷ ಹರಡಲೆಂದೇ ತೆಗೆದ 'ಯೂದ್ ಝ್ಯೂಸ್' (1940) ಚಿತ್ರದಲ್ಲಿ ಹಲವು ಯಹೂದಿ ಪಾತ್ರಗಳನ್ನು ಒಬ್ಬರೇ ವಿಕಾರವಾಗಿ ಅಭಿನಯಿಸಿದರು. ಅದೇ ಐತಿಹಾಸಿಕ ವ್ಯಕ್ತಿಯ ಬಗ್ಗೆ ಇಂಗ್ಲೆಂಡ್‌ನಲ್ಲಿ 1934ರಲ್ಲೇ ಸಹಾನುಭೂತಿಯ ಚಿತ್ರವೊಂದು ಬಂದಿತ್ತು. ಅದರ ನಾಯಕ ಫೈಟ್. ಕತೆಯಲ್ಲಿ ಅಪ್ಪಣೆಗೆ ಕುಣಿದವನು ಸೆಸಾರೆ. ಬದುಕಿನಲ್ಲಿ ಕುಣಿದವರು ಕ್ಯಾಲಿಗರಿ!

ಇನ್ನು ಜಾಫರನ ವಿಷಯ. ಸಾವಿರದೊಂದು ರಾತ್ರಿಗಳ ಕಥೆಗಳಲ್ಲಿ ಜಾಫರ್ ಖಲೀಫ ಹಾರೂನ್ ರಶೀದರ ನಂಬುಗೆಯ ವಜೀರ, ಮಾರುವೇಷದ ತಿರುಗಾಟಗಳ ಸಂಗಾತಿ. ಇತಿಹಾಸದ ಜಾಫರ್ ಬರ್ಮಕೀ ಮನೆತನದವನು. 803ರಲ್ಲಿ ಅದೇ ಖಲೀಫರ ಆಜ್ಞೆಯಿಂದ ಕೊಲೆಯಾದವನು. ಸಿನಿಮಾ ಇದನ್ನು ತಲೆಕೆಳಗು ಮಾಡಿ ಅವನನ್ನು ಸಿಂಹಾಸನ ಕಸಿಯುವ ಮಾಂತ್ರಿಕನನ್ನಾಗಿಸಿತು. ನಾಯಕ ಅಹ್ಮದನ ಪಾತ್ರ ಇಂಗ್ಲಿಷ್ ನಟನಿಗೆ, ರಾಜಕುಮಾರಿಯದು ಇಂಗ್ಲಿಷ್ ನಟಿಗೆ ಹೋಯಿತು. ನಮ್ಮ ಮೈಸೂರು ಸೀಮೆಯ ಕಾರಾಪುರದ ಮಾವುತನ ಮಗ ಸಾಬುವಿಗೆ ಸಿಕ್ಕಿದ್ದು ಅಬು ಎಂಬ ಪುಟ್ಟ ಕಳ್ಳನ ಪಾತ್ರ. ಚಿತ್ರದ ಜೀವ ಅವನೇ ಆದರೂ ರಾಜ್ಯ ಅವನದಲ್ಲ.

ಹಾಗೆಂದು ಫೈಟ್ ಅವರ ಜಾಫರ್ ಬರೀ ಹುಲಿವೇಷವಲ್ಲ. ಮಂತ್ರಶಕ್ತಿಯಿಂದ ರಾಜಕುಮಾರಿಯನ್ನು ವಶಪಡಿಸಿಕೊಳ್ಳಬಲ್ಲೆ, ಆದರೆ ತನಗೆ ಬೇಕಾದದ್ದು ಅವಳ ಪ್ರೀತಿ ಎಂದು ಅವನು ಹೇಳುವ ದೃಶ್ಯವಿದೆ. ಆಗ ಖಳನ ಕಣ್ಣಿನಲ್ಲಿ ಯಾಚಕನೊಬ್ಬ ಕಾಣುತ್ತಾನೆ. ಡಿಸ್ನಿಯವರು ಮುಂಡಾಸು, ನೋಟ, ಮೈಕಟ್ಟು ತೆಗೆದುಕೊಂಡರು; ಯಾಚಕನನ್ನು ಬಿಟ್ಟರು. ಅರಬರನ್ನು ಅನಾಗರಿಕರೆಂದು ಬಿಂಬಿಸಿದ ಆ ಚಿತ್ರದ ಹಾಡಿನ ಸಾಲೊಂದನ್ನು ಅರಬ್ ಅಮೆರಿಕನ್ನರ ಪ್ರತಿಭಟನೆಯ ನಂತರ 1993ರಲ್ಲಿ ಬದಲಿಸಲಾಯಿತು. ಜಾಫರನ ಆಕೃತಿ ಮಾತ್ರ ಹಾಗೆಯೇ ಉಳಿಯಿತು. ಹಾಲಿವುಡ್ ಅರಬರನ್ನು ಚಿತ್ರಿಸಿದ ಬಗೆಯನ್ನು ಜ್ಯಾಕ್ ಶಾಹೀನ್ 900ಕ್ಕೂ ಹೆಚ್ಚು ಚಿತ್ರಗಳಲ್ಲಿ ಪರಿಶೀಲಿಸಿದ್ದಾರೆ. ಜಾಫರ್ ಒಂಟಿಯಲ್ಲ.

ಇದಕ್ಕೆ ಫೈಟ್ ಅವರನ್ನು ದೂರೋಣವೇ? ವಲಸಿಗ ನಟನಿಗೆ ಆಯ್ಕೆ ಕಡಿಮೆ. ಅವರ ಉಚ್ಚಾರಣೆಯ ಜರ್ಮನ್ ಛಾಯೆ ಕೇಳಿದವರು ಕೊಟ್ಟದ್ದು ಗೂಢಚಾರರ, ನಾಜಿಗಳ ಪಾತ್ರ. 'ಕಾಸಾಬ್ಲಾಂಕಾ'ದಲ್ಲಿ (1942) ನಾಜಿ ಮೇಜರ್ ಸ್ಟ್ರಾಸರ್ ಆದವರೂ ಅವರೇ. ಆ ಚಿತ್ರದ ಕಲಾವಿದರಲ್ಲಿ ಅನೇಕರು ಹಿಟ್ಲರನಿಂದ ತಪ್ಪಿಸಿಕೊಂಡು ಬಂದವರು. 1943ರ ಏಪ್ರಿಲ್ 3ರಂದು ಲಾಸ್ ಏಂಜಲೀಸ್‌ನಲ್ಲಿ ಗಾಲ್ಫ್ ಆಡುತ್ತಿದ್ದಾಗ ಹೃದಯಾಘಾತದಿಂದ ಫೈಟ್ ತೀರಿಕೊಂಡರು. ಆಗ ಅವರಿಗೆ 50. ಹಿಟ್ಲರನ ಸೋಲನ್ನು ನೋಡುವ ಭಾಗ್ಯ ಅವರಿಗಿರಲಿಲ್ಲ.

ಆದರೂ ಒಂದು ಮಾತು ಹೇಳಲೇಬೇಕು. ನಟನ ಆತ್ಮಸಾಕ್ಷಿ ಎಷ್ಟೇ ಸ್ವಚ್ಛವಾಗಿರಲಿ, ಅವನು ಧರಿಸಿದ ವೇಷ ಅವನ ಹತೋಟಿಯಲ್ಲಿ ಉಳಿಯುವುದಿಲ್ಲ. ಅರ್ಜಿಯಲ್ಲಿ ಬರೆದ ಆ ಒಂದು ಪದವನ್ನು ಬಲ್ಲವರು ಕೆಲವರು; ಜಾಫರನ ಕಣ್ಣನ್ನು ಬಲ್ಲವರು ಕೋಟಿ ಮಕ್ಕಳು. ಮನೆಯಲ್ಲಿ ಮಕ್ಕಳು 'ಅಲ್ಲಾದೀನ್' ನೋಡುತ್ತ ಕೂತಾಗ ಟಿವಿ ಆರಿಸುವುದು ಬೇಡ. ಮುಗಿದ ಮೇಲೆ, ಆ ಮುಖದ ನಿಜವಾದ ಒಡೆಯ ಯಾರು, ಅವನು ಯಾಕೆ ಊರು ಬಿಟ್ಟ ಎಂಬ ಕತೆಯನ್ನೂ ಹೇಳೋಣ.