ಟೆಂಪಲ್ಲರ ತತ್ವವೂ ಅರ್ಜಿಯ ಕಿಟಕಿಯೂ

ವಿಲಿಯಂ ಟೆಂಪಲ್ಲರು ಕ್ಯಾಂಟರ್‌ಬರಿಯ ಮಹಾಧರ್ಮಾಧ್ಯಕ್ಷರಾದ 1942ರಲ್ಲಿಯೇ ಅವರ ‘ಕ್ರಿಶ್ಚಿಯಾನಿಟಿ ಅಂಡ್ ಸೋಷಿಯಲ್ ಆರ್ಡರ್’ ಪ್ರಕಟವಾಯಿತು. ಆ ಡಿಸೆಂಬರಿನಲ್ಲಿ ಬೆವರಿಜ್ ವರದಿಯೂ ಹೊರಬಂದಿತು. ಇವೆರಡನ್ನು ಬೇರ್ಪಡಿಸಿ ಓದುವುದು ಸಲ್ಲದೆಂದು ನಾವು ಭಾವಿಸುತ್ತೇವೆ.

1834ರ ಇಂಗ್ಲೆಂಡಿನ ಬಡವರ ಕಾಯಿದೆ ನೆರವನ್ನು ನಾಚಿಕೆಗೆ ಗಂಟುಹಾಕಿತ್ತು. ವರ್ಕ್‌ಹೌಸ್ ಸೇರಿದವನ ಸ್ಥಿತಿ ಹೊರಗಿನ ಕಡುಬಡ ಕೂಲಿಯವನ ಸ್ಥಿತಿಗಿಂತ ಕೀಳಾಗಿರಬೇಕೆಂಬುದೇ ಅದರ ನಿಯಮ. ಬೆವರಿಜ್ ಇದನ್ನು ತಿರುವಿಹಾಕಿದರು: ವಂತಿಗೆ ಕಟ್ಟಿದವನಿಗೆ ಆಸ್ತಿಪಾಸ್ತಿಯ ವಿಚಾರಣೆಯಿಲ್ಲದೆ ನೆರವು ಸಲ್ಲಬೇಕು. ಟೆಂಪಲ್ಲರು ಇಂಥ ಹಕ್ಕಿಗೆ ದೈವಶಾಸ್ತ್ರದ ಬುನಾದಿ ಹಾಕಿದರು. ಮಾನವನು ದೇವರ ಮಗುವಾದುದರಿಂದ ಅವನ ಘನತೆ ರಾಜ್ಯದ ಕೊಡುಗೆಯಲ್ಲ. ಪುಸ್ತಕದ ಈ ಭಾಗ ಇಂದಿಗೂ ಅಲುಗದು.

ಆದರೆ ಧರ್ಮಸಭೆ ತತ್ವವನ್ನು ಸಾರಲಿ, ಜಾರಿಯನ್ನು ಬಲ್ಲವರಿಗೆ ಬಿಡಲಿ ಎನ್ನುವಲ್ಲಿ ನಮ್ಮ ತಕರಾರಿದೆ. ಅವಮಾನ ನಡೆಯುವುದು ಜಾರಿಯಲ್ಲಿಯೇ. ಹೇಮಗಿರಿ ಅಣೆಯ ನಾಲೆಯಲ್ಲಿ ಬರುವ ನೀರನ್ನು ರೈತ ಭಿಕ್ಷೆಯೆಂದು ಬಗೆಯುವುದಿಲ್ಲ. ಬಾರದಿದ್ದರೆ ಜಗಳಕ್ಕೇ ನಿಲ್ಲುತ್ತಾನೆ. ಅದೇ ಸೀಮೆಯ ಮುದುಕಿ ಸಂಧ್ಯಾ ಸುರಕ್ಷಾ ಮಾಸಾಶನ ನಿಂತರೆ ಕಚೇರಿಯ ಕಿಟಕಿಯೆದುರು ದನಿ ತಗ್ಗಿಸುತ್ತಾಳೆ. ನಾವಾದರೂ ಕಡಿಮೆಯೇ? ಧರ್ಮಕೇಂದ್ರದ ಬಡವರ ನಿಧಿಯಿಂದ ಕೊಡುವ ಮುನ್ನ, ಆಕೆ ಭಾನುವಾರದ ಬಲಿಪೂಜೆಗೆ ಬರುತ್ತಾಳೆಯೇ ಎಂದು ವಿಚಾರಿಸಿದ್ದೇವೆ. ಅದು 1834ರ ಪ್ರಶ್ನೆಯೇ.

ಟೆಂಪಲ್ಲರನ್ನು ಓದುವ ಗುರುವಿದ್ಯಾರ್ಥಿಗಳು ಒಮ್ಮೆ ಆ ಮಾಸಾಶನದ ಅರ್ಜಿಯನ್ನೂ ಓದಲಿ. ಸಾಧ್ಯವಾದರೆ ಒಬ್ಬ ಮುದುಕಿಯ ಪಕ್ಕದಲ್ಲಿ ಕುಳಿತು ತುಂಬಿಕೊಡಲಿ.