ಮಚ್ಚು ಹಿಡಿದವರ ಹೆಸರೇನು?

ಕ್ಯಾಮೆರಾಕ್ಕೆ ಬಣ್ಣಭೇದ ಗೊತ್ತಿಲ್ಲ, ಎದುರಿಗಿದ್ದದ್ದನ್ನು ತೋರಿಸುತ್ತೆ ಅಷ್ಟೆ ಅನ್ನೋರಿದ್ದಾರೆ. ಇದು ಸುಳ್ಳು. ಕ್ಯಾಮೆರಾ ಹಿಡಿದವನು ಜಗಲಿ ಮೇಲೆ ನಿಂತಿದ್ದಾನೋ ಅಂಗಳದಲ್ಲಿ ನಿಂತಿದ್ದಾನೋ ಅನ್ನೋದನ್ನ ಪ್ರತಿ ಚಿತ್ರವೂ ಹೇಳಿಬಿಡುತ್ತೆ. ಕ್ಯೂಬಾದ ಛಾಯಾಗ್ರಾಹಕ ಹೋರ್ಹೆ ಎರೇರಾ ಅಂಗಳಕ್ಕೆ ಇಳಿದವನು. ಅದಕ್ಕೇ ಅವನ ಜೊತೆ ಜಗಳ ಆಡಬೇಕು.

1959ರ ಜನವರಿಯಲ್ಲಿ ಕ್ಯೂಬಾದ ಕ್ರಾಂತಿ ಗೆದ್ದಿತು. ಮಾರ್ಚ್ ತಿಂಗಳಲ್ಲೇ ಹೊಸ ಸರ್ಕಾರ ಇಕಾಯಿಕ್ ಎಂಬ ಚಲನಚಿತ್ರ ಸಂಸ್ಥೆ ಕಟ್ಟಿತು. ಎರೇರಾನ ದೊಡ್ಡ ಕೆಲಸವೆಲ್ಲ ಬಂದದ್ದು ಅಲ್ಲಿಂದ.

1969ರ 'ಮಚ್ಚಿನ ಮೊದಲ ದಾಳಿ' ನೋಡಿ. ನಿರ್ದೇಶಕ ಮನುಯೆಲ್ ಒಕ್ತಾವಿಯೊ ಗೋಮೆಸ್. ಕಥೆ 1868ರದು. ಸ್ಪೇನಿನ ದೊರೆತನದ ಮೇಲೆ ದಂಗೆ ಎದ್ದವರಿಗೆ ಬಂದೂಕು ಸಾಲದು. ಕಬ್ಬು ಕಡಿಯೋ ಮಚ್ಚೇ ಆಯುಧ. ಆಗ ಸಿನಿಮಾ ಹುಟ್ಟೇ ಇರಲಿಲ್ಲ. ಆದರೆ ಎರೇರಾ ಅವತ್ತೇ ಕ್ಯಾಮೆರಾ ಹೆಗಲಿಗೇರಿಸಿ ಸುದ್ದಿಗೆ ಓಡಿದವನ ಹಾಗೆ ತೆಗೆದಿದ್ದಾನೆ. ಬಿಳುಪು ಕಣ್ಣು ಕುಕ್ಕುತ್ತೆ, ಕಪ್ಪು ಇದ್ದಿಲಿನ ಹಾಗಿದೆ, ನಡುವಿನ ಬೂದು ಬಣ್ಣವೇ ಇಲ್ಲ. ಕೊನೆಯ ಕಾಳಗದಲ್ಲಿ ಯಾರು ಯಾರನ್ನ ಹೊಡೀತಿದ್ದಾರೆ ಅಂತಾನೇ ತಿಳಿಯೋಲ್ಲ. ಇದು ತಪ್ಪಲ್ಲ. ಗುಡ್ಡದ ಮೇಲೆ ನಿಂತ ದಂಡನಾಯಕನಿಗೆ ಯುದ್ಧ ಒಂದು ನಕಾಶೆ. ಒಳಗೆ ಬಡಿದಾಡೋನಿಗೆ ಬರೀ ಧೂಳು, ಉಸಿರು. ಎರೇರಾ ಆಯ್ದುಕೊಂಡದ್ದು ಎರಡನೆಯವನ ಕಣ್ಣನ್ನ.

ಅದರ ಹಿಂದಿನ ವರ್ಷ ಉಂಬೆರ್ತೊ ಸೊಲಾಸ್‌ಗೆ ತೆಗೆದದ್ದು 'ಲೂಸಿಯಾ'. ಒಂದೇ ಹೆಸರಿನ ಮೂವರು ಹೆಂಗಸರು, ಮೂರು ಕಾಲ, ಮೂರು ಬೆಳಕು. 1895ರ ಸಿರಿವಂತರ ಮಗಳಿಗೆ ಕಡುಗಪ್ಪು, ಕಡುಬಿಳುಪು. 1930ರ ದಶಕದವಳಿಗೆ ಮಂಜಿನಂಥ ಮೆದು ಬೆಳಕು. ಕ್ರಾಂತಿಯ ನಂತರದ ಹಳ್ಳಿ ಹೆಂಗಸಿಗೆ ಬಟಾಬಯಲಿನ ಬಿಸಿಲು. ಗಂಡ ಕೂಡಿಹಾಕಿದ ಮನೆಯಲ್ಲೇ ಅವಳು ಅಕ್ಷರ ಕಲೀತಾಳೆ. ಆ ಬಿಸಿಲೇ ಒಂದು ವಾದ.

ನನ್ನ ತಕರಾರು ಇರೋದು ಮೊದಲ ಭಾಗದ ಮೇಲೆ. ಅಲ್ಲಿ ಬರಿಮೈಯ ಕರಿಯ ಸವಾರರು ಕುದುರೆ ಏರಿ ಸ್ಪೇನಿನ ಸೈನಿಕರ ಮೇಲೆ ನುಗ್ಗುತ್ತಾರೆ. ಮೈ ಜುಮ್ಮೆನ್ನುತ್ತೆ. ಆದರೆ ಇವರು ಯಾರು? ಯಾವ ತೋಟದಲ್ಲಿ ದುಡಿದವರು? ಒಡತಿಯ ಕಣ್ಣೀರಿನ ಹತ್ತಿರ ಎಷ್ಟೋ ಹೊತ್ತು ನಿಲ್ಲೋ ಕ್ಯಾಮೆರಾ ಇವರನ್ನ ಮಾತಾಡಿಸೋದಿಲ್ಲ. ಇವರ ಮೈಗೆ ಬೆಳಕು ಸಿಕ್ಕಿತು, ಬಾಯಿಗೆ ಮಾತು ಸಿಗಲಿಲ್ಲ. ಕ್ಯೂಬಾದಲ್ಲಿ ಗುಲಾಮಗಿರಿ ಕಾನೂನಿನಲ್ಲಿ ಅಳಿದದ್ದು 1886ರಲ್ಲಿ, ಅಂದರೆ ಕಥೆಯ ಕಾಲಕ್ಕೆ ಒಂಬತ್ತೇ ವರ್ಷ ಮೊದಲು!

ಆ ಮಾತು ಕೊಟ್ಟವಳು ಅದೇ ಸಂಸ್ಥೆಯ ಕರಿಯ ಹೆಣ್ಣುಮಗಳು ಸಾರಾ ಗೋಮೆಸ್. 'ಒಂದು ರೀತಿಯಲ್ಲಿ' ಅವಳ ಒಂದೇ ಕಥಾಚಿತ್ರ. ಅದನ್ನ ಪೂರ್ತಿ ಮುಗಿಸೋ ಮೊದಲೇ 1974ರಲ್ಲಿ ತೀರಿಕೊಂಡಳು. ಲೂಯಿಸ್ ಗಾರ್ಸಿಯಾ ಮೆಸಾ ತೆಗೆದ ಅದರ ಚಿತ್ರಿಕೆಗಳಲ್ಲಿ ಅಬ್ಬರವಿಲ್ಲ. ನಟರ ಪಕ್ಕದಲ್ಲೇ ನಿಜವಾದ ಜನ ತಮ್ಮದೇ ಹೆಸರಿನಲ್ಲಿ ಕೂತು ಮಾತಾಡ್ತಾರೆ.

ಎರೇರಾ ದೊಡ್ಡವನೇ. ಕ್ಯಾಮೆರಾವನ್ನ ಜಗಲಿಯಿಂದ ಇಳಿಸಿದ, ಮಚ್ಚಿನ ಪಕ್ಕ ಓಡಿಸಿದ. ಆದರೆ ಬಡವರ ಮೈಕಟ್ಟನ್ನ ಹಾಡಿ ಹೊಗಳೋದು ಅರ್ಧ ದಾರಿ. ನಿಂತು, ನಿನ್ನ ಹೆಸರೇನಪ್ಪಾ ಅಂತ ಕೇಳೋದು ಉಳಿದರ್ಧ.